ಗೋಡೆಗೆ ಒರೆಸಿದ ಕೈ: ಮಂಜೋನಿಯವರ ಕಾದಂಬರಿಯ ಒಂದು ಓದು

‘ದೇವರ ಚಿತ್ತ’ ಎಂಬ ಮಾತು ನಮ್ಮ ಮನೆಗಳಲ್ಲಿ ದಿನಕ್ಕೊಮ್ಮೆಯಾದರೂ ಕೇಳಿಬರುತ್ತದೆ. ಕಷ್ಟಕಾಲದಲ್ಲಿ ಅದು ಆಸರೆಯ ಮಾತು. ಕೆಲವೊಮ್ಮೆ ನಮ್ಮ ಹೊಣೆಯಿಂದ ನುಣುಚಿಕೊಳ್ಳುವ ಮಾತೂ ಹೌದು. ಈ ಎರಡರ ನಡುವಣ ಗೆರೆಯನ್ನು ನಿಷ್ಠುರವಾಗಿ ಎಳೆದು ತೋರಿಸಿದ ಲೇಖಕರಲ್ಲಿ ಇಟಲಿಯ ಅಲೆಸ್ಸಾಂಡ್ರೊ ಮಂಜೋನಿ ಪ್ರಮುಖರು.

ಮಂಜೋನಿ ಹುಟ್ಟಿದ್ದು 1785ರ ಮಾರ್ಚ್ 7ರಂದು, ಮಿಲಾನ್ ನಗರದಲ್ಲಿ. ಚಿತ್ರಹಿಂಸೆ ಹಾಗೂ ಮರಣದಂಡನೆಗಳ ವಿರುದ್ಧ 1764ರಲ್ಲಿ ಗ್ರಂಥ ಬರೆದ ಚೆಸಾರೆ ಬೆಕ್ಕಾರಿಯಾ ಅವರ ತಾಯಿಯ ತಂದೆ. ಯೌವನದಲ್ಲಿ ಧರ್ಮಸಭೆಯಿಂದ ದೂರವಾಗಿದ್ದ ಮಂಜೋನಿ 1808ರಲ್ಲಿ ಕ್ಯಾಲ್ವಿನ್ ಪಂಥದ ಮನೆತನದ ಎನ್ರಿಕೆಟ್ಟಾ ಬ್ಲೊಂಡೆಲ್ ಅವರನ್ನು ಮದುವೆಯಾದರು. 1810ರಲ್ಲಿ ಪತ್ನಿ ಕಥೋಲಿಕ ವಿಶ್ವಾಸವನ್ನು ಸ್ವೀಕರಿಸಿದರು. ಅದೇ ವರ್ಷ ಪತಿಯೂ ತಮ್ಮ ವಿಶ್ವಾಸಕ್ಕೆ ಮರಳಿದರು. ಅವರ ಮಹಾಕೃತಿ ‘ಇ ಪ್ರೊಮೆಸ್ಸಿ ಸ್ಪೋಸಿ’, ಅಂದರೆ ‘ಮದುವೆ ನಿಶ್ಚಯವಾದವರು’, 1827ರಲ್ಲಿ ಹೊರಬಂದಿತು. 1833ರ ಕ್ರಿಸ್ಮಸ್ ದಿನ ಎನ್ರಿಕೆಟ್ಟಾ ತೀರಿಕೊಂಡರು; ಮರುವರ್ಷ ಹಿರಿಯ ಮಗಳೂ ತೀರಿಕೊಂಡಳು. ಈ ಸಾವುಗಳ ನಂತರ ಅವರು ಕಾದಂಬರಿಯ ಭಾಷೆಯನ್ನು ಫ್ಲಾರೆನ್ಸಿನ ಆಡುನುಡಿಗೆ ಹೊಂದಿಸಿ ತಿದ್ದಿ, 1840ರಿಂದ 1842ರವರೆಗೆ ಮತ್ತೆ ಪ್ರಕಟಿಸಿದರು. ಹಲವು ರಾಜ್ಯಗಳಾಗಿ ಹಂಚಿಹೋಗಿದ್ದ ಇಟಲಿಗೆ ಒಂದು ಸಮಾನ ಬರಹದ ಭಾಷೆ ರೂಪುಗೊಳ್ಳಲು ಈ ಪುಸ್ತಕ ಬಹಳವಾಗಿ ನೆರವಾಯಿತು. ನಿಜಾಮರ ಆಳ್ವಿಕೆಯಲ್ಲಿದ್ದು, 1956ರಲ್ಲಿ ಉಳಿದ ಕನ್ನಡಿಗರೊಡನೆ ಒಂದಾದ ಕಲಬುರಗಿ ಸೀಮೆಯವರಿಗೆ ಇದರ ಬೆಲೆಯನ್ನು ಬಿಡಿಸಿ ಹೇಳಬೇಕಿಲ್ಲ.

ಕಥೆ ನಡೆಯುವುದು 1628ರಿಂದ 1630ರವರೆಗೆ. ಕೋಮೋ ಸರೋವರದ ಬಳಿಯ ಹಳ್ಳಿಯಲ್ಲಿ ರೇಷ್ಮೆ ನೂಲುವ ರೆಂಝೊ ಮತ್ತು ಲೂಚಿಯಾ ಮದುವೆಯಾಗಬೇಕಿದೆ. ಲೂಚಿಯಾಳ ಮೇಲೆ ಕಣ್ಣಿಟ್ಟ ಪಾಳೆಯಗಾರ ದೊನ್ ರೊದ್ರಿಗೊ ಆಳುಗಳನ್ನು ಕಳುಹಿಸಿ ಊರಿನ ಗುರು ದೊನ್ ಅಬ್ಬೊಂದಿಯೊ ಅವರನ್ನು ಬೆದರಿಸುತ್ತಾನೆ. ಗುರುಗಳು ಅಂಜಿ ಮದುವೆ ಮಾಡಿಸಲು ಹಿಂಜರಿಯುತ್ತಾರೆ. ಮುಂದಿನ ಕಷ್ಟಗಳೆಲ್ಲ ಈ ಅಂಜಿಕೆಯಿಂದ ಬೆಳೆಯುತ್ತವೆ. ಅಬ್ಬೊಂದಿಯೊ ದುಷ್ಟರಲ್ಲ, ನಮ್ಮಲ್ಲಿ ಬಹುಮಂದಿಯಂತೆ ನೆಮ್ಮದಿಯನ್ನು ಬಯಸುವವರು. ಅದಕ್ಕೇ ಆ ಪಾತ್ರ ನಮ್ಮನ್ನು ಮೊದಲು ನಗಿಸಿ, ಆಮೇಲೆ ಇರಿಯುತ್ತದೆ. ಕಾರ್ಡಿನಲ್ ಫೆದೆರಿಗೊ ಬೊರ್ರೊಮೆಯೊ ಅವರನ್ನು ಕರೆದು ವಿಚಾರಿಸಿದಾಗ, ಧೈರ್ಯವಿಲ್ಲದ ಸ್ವಭಾವವೇ ಅವರಿಗೆ ನೆವವಾಗುತ್ತದೆ. ಕಾರ್ಡಿನಲ್ ಅದನ್ನು ಒಪ್ಪುವುದಿಲ್ಲ: ಇಲ್ಲದ ಧೈರ್ಯವನ್ನು ದೇವರಲ್ಲಿ ಬೇಡಬಹುದಿತ್ತಲ್ಲ ಎಂಬುದು ಅವರ ನಿಲುವು.

ಕಾದಂಬರಿಯ ಅತ್ಯಂತ ಗಂಭೀರ ಭಾಗ 1630ರ ಮಿಲಾನಿನ ಪ್ಲೇಗು. ಯಾರೋ ವಿಷದ ಲೇಪವನ್ನು ಗೋಡೆಗಳಿಗೆ ಬಳಿದು ರೋಗ ಹರಡುತ್ತಿದ್ದಾರೆಂಬ ವದಂತಿ ಊರೆಲ್ಲ ಹಬ್ಬುತ್ತದೆ. ಲೂಚಿಯಾಳನ್ನು ಹುಡುಕುತ್ತ ಬಂದ ರೆಂಝೊ ಒಂದು ಮನೆಯ ಬಾಗಿಲು ತಟ್ಟಿದ್ದಕ್ಕೇ ಹೆಂಗಸೊಬ್ಬಳು ಕೂಗಿಕೊಳ್ಳುತ್ತಾಳೆ. ಜನ ಬೆನ್ನಟ್ಟುತ್ತಾರೆ, ಅವನು ಹೆಣ ಸಾಗಿಸುವ ಬಂಡಿಯೇರಿ ಬದುಕಿಕೊಳ್ಳುತ್ತಾನೆ. ಇಷ್ಟು ದೂರ ನಾವು ಮೆಚ್ಚುತ್ತ ಬಂದ ನಾಯಕನೇ ಆ ಗುಂಪಿನ ಕಣ್ಣಿಗೆ ಕೊಲೆಗಾರ.

ಇಲ್ಲಿ ಮಂಜೋನಿ ತಮ್ಮ ಧರ್ಮಸಭೆಯ ವಿಷಯದಲ್ಲೂ ಸತ್ಯವನ್ನು ಮುಚ್ಚಿಡುವುದಿಲ್ಲ. ಸಂತ ಚಾರ್ಲ್ಸರ ಪಾರ್ಥಿವ ಶರೀರದ ಮೆರವಣಿಗೆಗೆ ಕಾರ್ಡಿನಲ್ ಮೊದಲು ನಿರಾಕರಿಸಿದ್ದರು. ಕೊನೆಗೆ ಒತ್ತಾಯಕ್ಕೆ ಮಣಿದರು. ಜೂನ್ 11ರಂದು ಮೆರವಣಿಗೆ ನಡೆಯಿತು, ಸಾವುಗಳು ಹೆಚ್ಚಿದವು. ಜನಸಂದಣಿಯಿಂದ ಹೀಗಾಯಿತೆಂದು ಒಪ್ಪುವ ಬದಲು, ಗುಂಪಿನಲ್ಲಿ ಲೇಪ ಹಚ್ಚುವವರು ಸೇರಿದ್ದರೆಂದೇ ಜನ ನಂಬಿದರು. ತಾನು ಪ್ರೀತಿಸುವ ಧರ್ಮಸಭೆಯ ಚರಿತ್ರೆಯನ್ನು ಹೀಗೆ ಬರೆಯಲು ವಿಶ್ವಾಸ ಗಟ್ಟಿಯಾಗಿರಬೇಕು.

ಪರಿಷ್ಕೃತ ಆವೃತ್ತಿಗೆ ಅವರು ‘ಕಳಂಕದ ಕಂಬದ ಚರಿತ್ರೆ’ ಎಂಬ ನೈಜ ವೃತ್ತಾಂತವೊಂದನ್ನು ಸೇರಿಸಿದರು. 1630ರ ಜೂನ್ 21ರ ಬೆಳಿಗ್ಗೆ ಆರೋಗ್ಯಾಧಿಕಾರಿ ಗುಲ್ಯೆಲ್ಮೊ ಪಿಯಾತ್ಸಾ ಗೋಡೆಗೆ ಕೈ ತಾಗಿಸುತ್ತ ಹೋದುದನ್ನು ಹೆಂಗಸೊಬ್ಬಳು ಕಿಟಕಿಯಿಂದ ಕಂಡಳು. ಬೆರಳಿಗಂಟಿದ ಮಸಿಯನ್ನು ಆತ ಒರೆಸಿಕೊಂಡಿದ್ದಿರಬೇಕು. ಚಿತ್ರಹಿಂಸೆಯ ನೋವಿನಲ್ಲಿ, ಬಿಡುಗಡೆಯ ಆಸೆಯಲ್ಲಿ, ಆತ ಕ್ಷೌರಿಕ ಜ್ಯಾನ್ ಜಾಕೊಮೊ ಮೋರಾನ ಹೆಸರು ಹೇಳಿದ. ಇಬ್ಬರನ್ನೂ ಘೋರವಾಗಿ ಕೊಲ್ಲಲಾಯಿತು. ಮೋರಾನ ಮನೆ ಕೆಡವಿ ಅಲ್ಲಿ ನಿಲ್ಲಿಸಿದ ಕಂಬ 1778ರವರೆಗೂ ನಿಂತಿತ್ತು.

ಕಾಲವೇ ಅಜ್ಞಾನದ್ದು, ಕಾನೂನೇ ಕ್ರೂರ ಎಂಬ ಸಮಾಧಾನವನ್ನು ಮಂಜೋನಿ ಒಪ್ಪುವುದಿಲ್ಲ. ಅಂದಿನ ನಿಯಮಗಳ ಪ್ರಕಾರವೇ ನಡೆದಿದ್ದರೂ ನ್ಯಾಯಾಧೀಶರಿಗೆ ಸತ್ಯ ತಿಳಿಯುತ್ತಿತ್ತು. ಜನರ ಕೋಪಕ್ಕೆ ಅಂಜಿ ಅವರು ಅದನ್ನು ತಿಳಿಯಲು ಬಯಸಲಿಲ್ಲ ಎಂದು ದಾಖಲೆಗಳಿಂದ ತೋರಿಸುತ್ತಾರೆ. ಇದರಲ್ಲಿ ಮನುಷ್ಯರ ತಪ್ಪಿಲ್ಲವೆಂದರೆ ದೇವರ ಪಾಲನೆಯನ್ನು ಅಲ್ಲಗಳೆಯಬೇಕಾಗುತ್ತದೆ, ಇಲ್ಲವೇ ದೇವರ ಮೇಲೆ ದೂರು ಹೊರಿಸಬೇಕಾಗುತ್ತದೆ ಎಂಬುದು ಅವರ ವಾದದ ತಿರುಳು. ನಮ್ಮ ತಪ್ಪನ್ನು ಒಪ್ಪಿಕೊಳ್ಳುವುದೂ ದೇವರಿಗೆ ಸಲ್ಲಿಸುವ ಗೌರವ ಎಂಬ ಅರಿವು ಅಲ್ಲಿದೆ.

ಇಜೇರಿಯಂಥ ಊರಿನಲ್ಲಿ ಕುಳಿತು ಓದುವವರಿಗೆ ಇದು ದೂರದೇಶದ ಹಳೆಯ ಕಥೆಯೆನಿಸದು. 2018ರ ಜುಲೈ ತಿಂಗಳಲ್ಲಿ ನಮ್ಮ ನೆರೆಯ ಬೀದರ್ ಜಿಲ್ಲೆಯ ಮುರ್ಕಿ ಗ್ರಾಮದಲ್ಲಿ ಹೈದರಾಬಾದಿನ ಯುವಕನೊಬ್ಬನನ್ನು ಮಕ್ಕಳ ಕಳ್ಳನೆಂದು ಗುಂಪು ಹೊಡೆದು ಕೊಂದಿತು. ಅವನ ಸಂಗಡಿಗರು ದಾರಿಯಲ್ಲಿ ಮಕ್ಕಳಿಗೆ ಚಾಕೊಲೇಟ್ ಕೊಟ್ಟದ್ದೇ ಸಂಶಯಕ್ಕೆ ಕಾರಣ. ಆ ಸಂಶಯವನ್ನು ಹಬ್ಬಿಸಿದ್ದು ವಾಟ್ಸಾಪ್. ಅಂದು ಮಿಲಾನಿನಲ್ಲಿ ಗೋಡೆ ಮುಟ್ಟಿದ ಕೈ, ಇಲ್ಲಿ ಸಿಹಿ ಕೊಟ್ಟ ಕೈ. ದೇಶದ ಮೊದಲ ಕೋವಿಡ್ ಮರಣ 2020ರ ಮಾರ್ಚ್ ತಿಂಗಳಲ್ಲಿ ದಾಖಲಾದದ್ದು ಕಲಬುರಗಿಯಲ್ಲಿಯೇ. ಮುಂಬಯಿ, ಪುಣೆಗಳಿಂದ ಮರಳಿದ ನಮ್ಮವರೇ ಆಗ ನಮಗೆ ಅನ್ಯರಂತೆ ಕಂಡರು.

ಕೃತಿಗೆ ಮಿತಿಗಳಿಲ್ಲವೆಂದಲ್ಲ. ಬಡವರನ್ನು ಮಂಜೋನಿ ಮೇಲಿನಿಂದ ಕನಿಕರದಿಂದ ನೋಡುತ್ತಾರೆಂದು ಚಿಂತಕ ಅಂಟೋನಿಯೊ ಗ್ರಾಂಶಿ ಸೆರೆಮನೆಯ ಟಿಪ್ಪಣಿಗಳಲ್ಲಿ ಆಕ್ಷೇಪಿಸಿದ್ದಾರೆ. ಲೂಚಿಯಾ ಹಲವೆಡೆ ಮೌನಮೂರ್ತಿಯಾಗಿ ಉಳಿಯುತ್ತಾಳೆಂಬುದೂ ನಿಜ. ಆದರೂ, ಹೆಸರು ಕೇಳಿದರೇ ಜನ ನಡುಗುವ ಕ್ರೂರ ಪ್ರಭುವಿನ ಮನಃಪರಿವರ್ತನೆಗೆ ನೆರವಾಗುವುದು ಸೆರೆಯಲ್ಲಿರುವ ಆ ಹಳ್ಳಿ ಹುಡುಗಿಯ ಬೇಡಿಕೆಯ ಮಾತು. ಚರಿತ್ರೆಯ ದೊಡ್ಡ ಕಾದಂಬರಿಯೊಂದನ್ನು ಇಬ್ಬರು ಸಾಮಾನ್ಯರ ಸುತ್ತ ಕಟ್ಟಿದ್ದು ಆ ಕಾಲಕ್ಕೆ ಸಣ್ಣ ಸಂಗತಿಯಲ್ಲ.

ಮಂಜೋನಿ 1873ರ ಮೇ 22ರಂದು ನಿಧನರಾದರು. ಮರುವರ್ಷ ಅದೇ ದಿನ ಸಂಗೀತಗಾರ ವೆರ್ದಿ ಅವರ ನೆನಪಿಗೆ ರಚಿಸಿದ ಮೃತರ ಬಲಿಪೂಜೆಯ ಗಾಯನ ಮಿಲಾನಿನ ಸಂತ ಮಾರ್ಕರ ದೇವಾಲಯದಲ್ಲಿ ಮೊಳಗಿತು. ಪೋಪ್ ಫ್ರಾನ್ಸಿಸರು 2015ರಲ್ಲಿ ಮದುವೆ ನಿಶ್ಚಯವಾದ ಯುವಜನರಿಗೆ ಈ ಕಾದಂಬರಿಯನ್ನು ಓದಲು ಹೇಳಿದರು. ಅದು ಒಳ್ಳೆಯ ಸಲಹೆ. ಆದರೆ ಇದನ್ನು ಇಡೀ ಕುಟುಂಬ ಓದಬೇಕು. ಸಂಜೆಯ ಜಪಮಾಲೆ ಮುಗಿಸಿ ಮೊಬೈಲ್ ಕೈಗೆತ್ತಿಕೊಂಡಾಗ, ಅಪರಿಚಿತನೊಬ್ಬನ ಮೇಲೆ ದೂರು ಹೊರಿಸುವ ಸುದ್ದಿ ಬಂದಿದ್ದರೆ ಅದನ್ನು ಮುಂದೆ ಕಳುಹಿಸಬೇಕೇ ಬೇಡವೇ ಎಂಬುದು ನಮ್ಮ ಬೆರಳಿನಲ್ಲಿದೆ. ಅದನ್ನು ದೇವರ ಚಿತ್ತದ ಮೇಲೆ ಹಾಕಿ ನಾವು ಕೈತೊಳೆದುಕೊಳ್ಳುವಂತಿಲ್ಲ.