ಕೊನೆಯ ಕಾಸು: ಮತ್ತಾಯ 5:25-26ರ ಓದಿನ ಕುರಿತು

ಸಾಲಗಾರನೊಬ್ಬನು ಕೊನೆಯ ಕಾಸನ್ನು ತೀರಿಸುವ ತನಕ ಸೆರೆಯಿಂದ ಹೊರಬರಲಾರನೆಂಬ ಈ ವಚನಗಳನ್ನು ಬೋಧಿಸುವಾಗ ನಾವು ನ್ಯಾಯಾಲಯವನ್ನು ಬಹುಬೇಗ ದಾಟಿಬಿಡುತ್ತೇವೆ. ತೆರ್ತುಲ್ಲಿಯನನು ಆ ಸೆರೆಮನೆಯಲ್ಲಿ ಮರಣಾನಂತರದ ಆತ್ಮದ ಸ್ಥಿತಿಯನ್ನು ಕಂಡನು. ಆ ಪರಂಪರೆಯನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ಸೆರೆಮನೆ ನಿಜವಾದುದಲ್ಲದಿದ್ದರೆ ರೂಪಕಕ್ಕೆ ಆಧಾರವೆಲ್ಲಿ? ಲೂಕನು (12:58) ಬಳಸುವ ಗ್ರೀಕ್ ಪದ ‘ಪ್ರಾಕ್ತೋರ್’; ಬಾಕಿ ವಸೂಲಿಯ ನ್ಯಾಯಾಲಯದ ನೌಕರನೆಂದು ಅದರ ಅರ್ಥ. ಮತ್ತಾಯನ ಕೊನೆಯ ಕಾಸು ರೋಮನರ ‘ಕ್ವಾದ್ರಾನ್ಸ್’. ಬಡ ವಿಧವೆ ದೇವಾಲಯದಲ್ಲಿ ಅರ್ಪಿಸಿದ ಎರಡು ಬಿಡಿಕಾಸುಗಳ ಬೆಲೆಯೂ ಅಷ್ಟೇ ಎಂದು ಮಾರ್ಕನು (12:42) ಲೆಕ್ಕ ಕೊಡುತ್ತಾನೆ. ಅವಳ ಸಮಸ್ತ ಜೀವನಾಧಾರವಾಗಿದ್ದ ಮೊತ್ತವೇ ಇಲ್ಲಿ ಒಬ್ಬನನ್ನು ಸೆರೆಯಲ್ಲಿ ಹಿಡಿದಿಡಲು ಸಾಕಾಗುತ್ತದೆ. ನಮ್ಮ ಪ್ರಬೋಧನೆಗಳಲ್ಲಿ ಈ ಲೆಕ್ಕ ಕೇಳಿಬರುವುದು ಅಪರೂಪ.

ಬೀದರ, ಭಾಲ್ಕಿ, ಔರಾದಗಳ ನ್ಯಾಯಾಲಯದ ಅಂಗಳದಲ್ಲಿ ನಿಂತವರಿಗೆ ಇದು ರೂಪಕವಲ್ಲ. ಜಾಮೀನು ಮಂಜೂರಾದರೂ ಪಹಣಿಯುಳ್ಳ ಜಾಮೀನುದಾರ ಸಿಗಬೇಕು. ಭೂಮಿಯಿಲ್ಲದ ಕೂಲಿಕಾರನ ಬೀಗರೂ ಬಹುಪಾಲು ಭೂಮಿಯಿಲ್ಲದವರೇ. ಇದ್ದರೂ ಉದಗೀರ, ಜಹೀರಾಬಾದಗಳ ಕಡೆ, ಬೇರೆ ರಾಜ್ಯದಲ್ಲಿ. ಮಧ್ಯಪ್ರದೇಶದ ಮೋತಿ ರಾಮ್ ಪ್ರಕರಣ (1978) ಇಂಥದೇ. ಗಾರೆ ಕೆಲಸದವನಿಂದ 10,000 ರೂ. ಜಾಮೀನು ಕೇಳಿದ ದಂಡಾಧಿಕಾರಿಗಳು, ಸಹೋದರನ ಆಸ್ತಿ ಬೇರೆ ಜಿಲ್ಲೆಯದೆಂದು ಅವನನ್ನು ಜಾಮೀನುದಾರನಾಗಿ ಒಪ್ಪಲಿಲ್ಲ. ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ಕೃಷ್ಣ ಅಯ್ಯರ್ 1,000 ರೂ.ಗಳ ಸ್ವಂತ ಮುಚ್ಚಳಿಕೆಯ ಮೇಲೆ ಬಿಡಿಸಿದರು. ದಂಡದ ಕಥೆಯೂ ಬೇರೆಯಲ್ಲ. ದಂಡವೊಂದೇ ಶಿಕ್ಷೆಯಾಗಿರುವ ಅಪರಾಧದಲ್ಲೂ 5,000 ರೂ.ವರೆಗಿನ ಮೊತ್ತ ಕಟ್ಟಲಾಗದವನನ್ನು ಎರಡು ತಿಂಗಳವರೆಗೆ ಸೆರೆಯಲ್ಲಿಡಲು ಭಾರತೀಯ ನ್ಯಾಯ ಸಂಹಿತೆಯ 8ನೆಯ ಕಲಂ ಅವಕಾಶ ಕೊಡುತ್ತದೆ. ಉಳ್ಳವನು ಅದೇ ತಪ್ಪಿಗೆ ರಸೀದಿ ಪಡೆದು ಮನೆಗೆ ಹೋಗುತ್ತಾನೆ.

ಬಡ ಕೈದಿಗಳಿಗಾಗಿ ಕೇಂದ್ರವು 2023ರಲ್ಲಿ ತಂದ ಯೋಜನೆಯಲ್ಲಿ ದಂಡಕ್ಕೂ ಜಾಮೀನಿಗೂ ಹಣದ ನೆರವುಂಟು. ಬಂಧನದಲ್ಲಿರುವವನಿಗೆ ಆದಾಯ ಮಿತಿಯಿಲ್ಲದೆ ಉಚಿತ ವಕೀಲರ ಹಕ್ಕು 1987ರ ಕಾಯ್ದೆಯಿಂದಲೇ ಇದೆ. ಕಾರಾಗೃಹ ಸೇವೆಗೆ ಹೋಗುವ ನಮ್ಮ ಗುರುವಿದ್ಯಾರ್ಥಿಗಳು ಜಪಸರಗಳನ್ನು ಒಯ್ಯುತ್ತಾರೆ, ಈ ಅರ್ಜಿಗಳನ್ನಲ್ಲ.

ಗುರುಗಳೇ ಜಾಮೀನು ನಿಲ್ಲಬಹುದೇ? ಜ್ಞಾನೋಕ್ತಿಗಳು (6:1) ಎಚ್ಚರಿಸುತ್ತದೆ. ಸಿರಾಖನು (29:14) ಅದನ್ನು ಸಜ್ಜನನ ಲಕ್ಷಣವೆನ್ನುತ್ತಾನೆ. ಧರ್ಮಸಭೆಯ ಕಾನೂನು ಸಂಹಿತೆಯ 285ನೆಯ ನಿಯಮ ನಿಷೇಧಿಸುವುದು ಮೇಲಧಿಕಾರಿಯನ್ನು ವಿಚಾರಿಸದೆ ಜಾಮೀನು ನಿಲ್ಲುವುದನ್ನು. ನಮ್ಮ ತರಗತಿಗಳಲ್ಲಿ ನಿಷೇಧವಷ್ಟೇ ಉಳಿದಿದೆ, ವಿಚಾರಿಸುವ ಮಾತು ಬಿಟ್ಟುಹೋಗಿದೆ.