ಬಂದರಿನ ಬೆಳಕು, ಪರದೆಯ ಬೆಳಕು

ಹತ್ತೊಂಬತ್ತನೆಯ ಶತಮಾನದ ಕೊನೆಯ ದಶಕಗಳಲ್ಲಿ ಯುರೋಪಿನ ಬಂದರುಕಟ್ಟೆಗಳಿಗೂ ಬೀದಿಗಳಿಗೂ ಅನಿಲದೀಪಗಳ ಜೊತೆಗೆ ವಿದ್ಯುದ್ದೀಪಗಳು ಬಂದವು. ಚಿತ್ರಕಾರರಿಗೆ ಇದು ಬಣ್ಣದ ಸಮಸ್ಯೆಯಾಯಿತು. ಜಾನ್ ಅಟ್ಕಿನ್ಸನ್ ಗ್ರಿಮ್‌ಶಾ 1887ರಲ್ಲಿ ಬರೆದ ಲಿವರ್‌ಪೂಲ್ ಬಂದರುಕಟ್ಟೆಯ ಚಿತ್ರದಲ್ಲಿ ಬೆಳುದಿಂಗಳ ತಣ್ಪಿಗೆ ಎದುರಾಗಿ ಅಂಗಡಿಗಳ ಹಳದಿ ಬೆಳಕು ನಿಲ್ಲುತ್ತದೆ. ಹಲವು ಬಂದರುಗಳನ್ನು ಚಿತ್ರಿಸಿದ ಕಮೀಲ್ ಪಿಸ್ಸಾರೊ 1897ರಲ್ಲಿ ಪ್ಯಾರಿಸ್ಸಿನ ಮೊಂಮಾರ್ತ್ರ್ ಬೀದಿಯ ರಾತ್ರಿಯನ್ನು ಬರೆದಾಗ ವಿದ್ಯುದ್ದೀಪಗಳ ಬಿಳುಪು ನಡುಬೀದಿಯಲ್ಲಿ ಸಾಲಾಗಿ ಕಾಣಿಸಿಕೊಂಡಿತು. ಇವೆರಡರಲ್ಲಿಯೂ ದೀಪವೆಂಬುದು ಬಣ್ಣವೇ. ಚಿತ್ರವನ್ನು ಹಗಲಿನಲ್ಲಿ ನೋಡಿದರೂ ಅದರೊಳಗಿನ ರಾತ್ರಿ ಕೆಡುವುದಿಲ್ಲ.

ಕರ್ನಾಟಕದಲ್ಲಿ ಶಿವನಸಮುದ್ರದ ವಿದ್ಯುತ್ತು 1902ರಲ್ಲಿ ಕೋಲಾರದ ಚಿನ್ನದ ಗಣಿಗಳಿಗೂ 1905ರಲ್ಲಿ ಬೆಂಗಳೂರಿನ ಬೀದಿಗಳಿಗೂ ತಲುಪಿತು. ಏಷ್ಯಾದಲ್ಲೇ ಮೊದಲೆಂಬ ಮಾತನ್ನು ನಗರದ ಐತಿಹ್ಯವೆಂದೇ ಎಣಿಸಬೇಕು. ಕಲ್ಕತ್ತೆಯಲ್ಲಿ 1899ರಲ್ಲೇ ವಿದ್ಯುತ್ ಪೂರೈಕೆ ಆರಂಭವಾಗಿತ್ತು. ಪಶ್ಚಿಮದ ಅಂಚಿನ ಉಲ್ಲಾಳದಂಥ ಊರುಗಳು ಆಗ ಬೆಂಗಳೂರಿನ ಹೊರಗಿನ ಹಳ್ಳಿಗಳು. ನೇತ್ರಾವತಿಯ ಅಳಿವೆಯ ಬಳಿಯಿರುವ ಉಲ್ಲಾಳಕ್ಕೆ ಕಡಲುಂಟು. ಅದೇ ಹೆಸರಿನ ಈ ಊರಿಗೆ ಇದ್ದದ್ದು ಕೆರೆ. ಕಡಲನ್ನು ಕಾಣದ ಬಯಲುಸೀಮೆಯ ಜನರಿಗೆ ರಾತ್ರಿಯ ಕಡಲನ್ನು, ದೀಪದ ಬೆಳಕಿನಲ್ಲಿಯೇ, ತೋರಿಸಿದ ಚಿತ್ರಪರಂಪರೆಯೊಂದಿದೆ. ಅದು ತೊಗಲುಗೊಂಬೆಯಾಟ.

ಕಿಳ್ಳೇಕ್ಯಾತರು ಹದಮಾಡಿದ ತೊಗಲಿನ ಮೇಲೆ ಬಣ್ಣ ತುಂಬಿ, ಉಳಿಯಿಂದ ರಂಧ್ರ ಕೊರೆದು ಮಾಡಿದ ಗೊಂಬೆ ಮೊದಲ ನೋಟಕ್ಕೆ ಚಿತ್ರವೇ ಹೌದು. ಆದರೆ ಬಿಳಿಯ ಪರದೆಯ ಹಿಂದೆ ದೀಪ ಹಚ್ಚುವವರೆಗೆ ಆ ಚಿತ್ರ ಪೂರ್ಣವಾಗುವುದಿಲ್ಲ. ಬೆಳಕು ತೊಗಲನ್ನು ಹಾಯ್ದು ಬಂದಾಗಲಷ್ಟೇ ಕೆಂಪು ಕೆಂಪಾಗುತ್ತದೆ, ರಂಧ್ರಗಳು ಒಡವೆಗಳಾಗುತ್ತವೆ. ರಾಮಾಯಣದ ಪ್ರಸಂಗದಲ್ಲಿ ಹನುಮಂತ ಕಡಲು ಹಾರುವಾಗ ಕಡಲನ್ನು ಕಟ್ಟಿಕೊಡುವುದು ಹಾಡು ಮತ್ತು ಗೊಂಬೆಯ ಓಟ. ಹರಳೆಣ್ಣೆಯ ದೀಪದ ಕುಡಿ ಗಾಳಿಗೆ ಅಲುಗಿದಾಗ ಪರದೆಯೆಲ್ಲವೂ ಅಲುಗುತ್ತದೆ. ಗೊಂಬೆಯನ್ನು ಪರದೆಯಿಂದ ಹಿಂದಕ್ಕೆ ಸರಿಸಿದರೆ ಅದು ಹಿಗ್ಗಿ ಮಸುಕಾಗಿ, ದೂರಕ್ಕೆ ಹಾರಿಹೋದಂತೆ ತೋರುತ್ತದೆ. ಗ್ರಿಮ್‌ಶಾ ಒದ್ದೆಯಾದ ರಸ್ತೆಯ ಮೇಲಿನ ಪ್ರತಿಫಲನದಿಂದ ಸಾಧಿಸಿದ ಚಲನೆಯನ್ನು ಇಲ್ಲಿ ದೀಪ ತಾನೇ ಒದಗಿಸುತ್ತದೆ.

ಎಣ್ಣೆದೀಪದ ಜಾಗಕ್ಕೆ ಮೊದಲು ಪೆಟ್ರೋಮ್ಯಾಕ್ಸ್, ಅನಂತರ ವಿದ್ಯುತ್ ಬಲ್ಬು ಬಂದವು. ಇದನ್ನು ಕೇವಲ ಅವನತಿಯೆಂದು ಬಗೆಯುವುದು ಜಾನಪದ ಬರಹಗಳಲ್ಲಿ ರೂಢಿಯಾಗಿದೆ. ಈ ನಿಲುವು ಅರ್ಧ ಸತ್ಯ. ಬಲ್ಬಿನ ಬೆಳಕು ಅಲುಗದು; ಕಡಲಿನ ತುಯ್ತ ಅಲ್ಲಿಗೆ ಮುಗಿಯಿತು. ಪ್ರಖರ ಬೆಳಕಿಗೆ ತಿಳಿಬಣ್ಣಗಳು ಬಿಳಿಚುತ್ತವೆ, ಬಲ್ಬಿನ ಹೊಳಪು ಪರದೆಯ ಮೇಲೆ ಕಣ್ಣಿಗೆ ಹೊಡೆಯುತ್ತದೆ. ಆದರೆ ಸಣ್ಣ, ಸ್ಥಿರವಾದ ಆಕರದಿಂದ ಬರುವ ಬೆಳಕು ನೆರಳಿನ ಅಂಚನ್ನು ಹರಿತಗೊಳಿಸುತ್ತದೆ. ಉಳಿಯ ಕೆಲಸದ ನಾಜೂಕು ಬಲ್ಬಿನ ಮುಂದೆ ತೋರುವಷ್ಟು ಎಣ್ಣೆದೀಪದ ಮುಂದೆ ತೋರದು. ಬಳ್ಳಾರಿಯ ಬೆಳಗಲ್ಲು ವೀರಣ್ಣನವರು ಸ್ವಾತಂತ್ರ್ಯ ಸಂಗ್ರಾಮ ಮತ್ತು ಗಾಂಧೀಜಿಯ ಬದುಕನ್ನು ತೊಗಲುಗೊಂಬೆಗೆ ತಂದಾಗ ಬೇಕಾದದ್ದು ಗುರುತಿನ ಮುಖಗಳು. ಸ್ಪಷ್ಟರೇಖೆಯ ಬೆಳಕು ಅಂಥ ವಸ್ತುವಿಗೆ ಒಪ್ಪುತ್ತದೆ. ಟ್ಯೂಬ್‌ಲೈಟಿನ ಮಾತು ಬೇರೆ. ಅದರ ಹರಡಿದ ಬೆಳಕು ರೇಖೆಯನ್ನೂ ಕೊಡದು, ಚಲನೆಯನ್ನೂ ಕೊಡದು.

ಹಾಗೆ ನೋಡಿದರೆ ಹೆಚ್ಚಿನ ನಷ್ಟವಾದದ್ದು ಆಟದಲ್ಲಲ್ಲ, ಸಂಗ್ರಹದಲ್ಲಿ. ಎಂ. ಎಸ್. ನಂಜುಂಡರಾಯರ ಶ್ರಮದಿಂದ ಕರ್ನಾಟಕ ಚಿತ್ರಕಲಾ ಪರಿಷತ್ತಿನಲ್ಲಿ ತೊಗಲುಗೊಂಬೆಗಳ ದೊಡ್ಡ ಸಂಗ್ರಹವೇ ಉಳಿದುಬಂದಿತು. ಅವರ ಕೆಲಸವಿಲ್ಲದಿದ್ದರೆ ಚರ್ಚಿಸಲು ಗೊಂಬೆಗಳೇ ಇರುತ್ತಿರಲಿಲ್ಲ. ಆದರೆ ಗೊಂಬೆಯನ್ನು ಗೋಡೆಗೆ ತೂಗಿ ಮುಂದಿನಿಂದ ಬೆಳಕು ಚೆಲ್ಲಿದ ಕಡೆಯಲ್ಲೆಲ್ಲ ಅದು ಗ್ರಿಮ್‌ಶಾನ ಚಿತ್ರದ ಜಾತಿಗೆ ಸೇರಿಬಿಡುತ್ತದೆ, ತನ್ನದಲ್ಲದ ಹಗಲಿನಲ್ಲಿ ನಿಲ್ಲುತ್ತದೆ. ಅಲ್ಲಿ ಅದರ ರೇಖೆಯನ್ನು ಒರಟೆಂದೂ ಬಣ್ಣವನ್ನು ಮಂಕೆಂದೂ ತೀರ್ಮಾನಿಸುವ ವಿಮರ್ಶೆ ಗೊಂಬೆಯನ್ನು ಇನ್ನೂ ನೋಡಿಯೇ ಇಲ್ಲ. ಗೊಂಬೆಯ ಅಳತೆ, ತೊಗಲು, ಬಣ್ಣ, ಪ್ರಸಂಗ ಇವುಗಳನ್ನು ಬರೆದಿಡುವ ದಾಖಲೆಯಲ್ಲಿ ಅದು ಯಾವ ದೀಪದ ಮುಂದೆ, ಪರದೆಯಿಂದ ಎಷ್ಟು ದೂರದಲ್ಲಿ ಆಡಿತು ಎಂಬುದಕ್ಕೂ ಒಂದು ಸಾಲು ಬೇಕು. ಎಣ್ಣೆದೀಪದ ಮುಂದೆ ಗೊಂಬೆ ಹಿಡಿದ ಹಿರಿಯ ಕಲಾವಿದರು ಇರುವಾಗಲೇ ಆ ಸಾಲನ್ನು ಅವರಿಂದ ಕೇಳಿ ಬರೆದುಕೊಳ್ಳಬೇಕಾಗಿದೆ.