ಕಿಟಕಿ ತೊಳೆದರೆ ಬೆಳಕು ಬದಲಾದೀತೇ?

ಚಿತ್ರಕಾರನ ಕೋಣೆ ಗುಡಿಸಲು ಬಂದ ಕೆಲಸದ ಹುಡುಗಿ, ಕಿಟಕಿಗಳನ್ನೂ ತೊಳೆಯಲೇ ಎಂದು ಮನೆಯೊಡತಿಯನ್ನು ಕೇಳುತ್ತಾಳೆ. ಇಷ್ಟಕ್ಕೂ ನನ್ನನ್ನು ಕೇಳಬೇಕೇ ಎನ್ನುತ್ತಾಳೆ ಒಡತಿ. ತೊಳೆದರೆ ಬೆಳಕು ಬದಲಾದೀತು ಎಂಬುದು ಹುಡುಗಿಯ ಅಳುಕು. ಪೀಟರ್ ವೆಬ್ಬರ್ ನಿರ್ದೇಶನದ ‘ಗರ್ಲ್ ವಿತ್ ಎ ಪರ್ಲ್ ಇಯರಿಂಗ್’ (2003) ಚಿತ್ರದ ಈ ಮಾತು ಅದರ ಛಾಯಾಗ್ರಾಹಕ ಎಡ್ವಾರ್ಡೊ ಸೆರಾ ಅವರದೇ ಇರಬಹುದೆಂದು ನಮಗೆ ಅನ್ನಿಸುವುದುಂಟು.

1943ರಲ್ಲಿ ಲಿಸ್ಬನ್ನಿನಲ್ಲಿ ಹುಟ್ಟಿದ ಸೆರಾ, ಸಲಾಝಾರನ ಸರ್ವಾಧಿಕಾರದ ದಿನಗಳಲ್ಲಿ, 1963ರಲ್ಲಿ, ದೇಶ ಬಿಟ್ಟು ಪ್ಯಾರಿಸ್ ಸೇರಿದರು. ಅಲ್ಲಿ ಕ್ಯಾಮರಾದ ಕಸುಬಿನ ಜೊತೆಗೆ ಕಲೆಯ ಇತಿಹಾಸವನ್ನೂ ಓದಿದರು. ಪಾತ್ರಿಸ್ ಲಕೋಂತ್, ಕ್ಲೋದ್ ಶಬ್ರೋಲ್ ಅವರಂಥ ಫ್ರೆಂಚ್ ನಿರ್ದೇಶಕರೊಡನೆ ದುಡಿದರು. ‘ದಿ ವಿಂಗ್ಸ್ ಆಫ್ ದಿ ಡವ್’ (1997) ಚಿತ್ರಕ್ಕೆ ಬ್ರಿಟನ್ನಿನ ಬಾಫ್ಟಾ ಬಂತು. ಆಸ್ಕರ್ ಪಟ್ಟಿಯಲ್ಲಿ ಎರಡು ಸಲ ಹೆಸರು ಬಂದರೂ ಪ್ರಶಸ್ತಿ ಬರಲಿಲ್ಲ. 2025ರ ಆಗಸ್ಟಿನಲ್ಲಿ ತೀರಿಕೊಂಡರು.

ಹದಿನೇಳನೆಯ ಶತಮಾನದ ಡಚ್ ಚಿತ್ರಕಾರ ವರ್ಮೀರನ ಮನೆಯ ಕಥೆಗೆ ಅವನ ಚಿತ್ರಗಳನ್ನೇ ನಕಲು ಮಾಡಿ ತೋರಿಸುವುದು ಸುಲಭದ ದಾರಿಯಾಗಿತ್ತು. ಸೆರಾ ಚಿತ್ರವನ್ನು ಹುಡುಗಿ ತರಕಾರಿ ಹೆಚ್ಚುವುದರಿಂದಲೇ ಬೆಳಗಿಸುತ್ತಾರೆ. ಯಜಮಾನನ ಕೋಣೆಗೆ ಕಿಟಕಿಯಿಂದ ಬರುವ ಮೆದು ಬೆಳಕು, ಅದಕ್ಕೂ ಮೊದಲು ಅವಳ ಕೈಯ ಈರುಳ್ಳಿ ಬೀಟ್‌ರೂಟುಗಳ ಮೇಲೆ ಬಿದ್ದಿದೆ. ಬಣ್ಣದ ಕಣ್ಣು ಅವಳಿಗೆ ಯಜಮಾನ ಕೊಟ್ಟದ್ದಲ್ಲ. ಅದು ಮೊದಲೇ ಇತ್ತು. ನಾವು ಕತೆಗಾರರು ಒಂದು ಪುಟದಲ್ಲಿ ಹೇಳಲು ಒದ್ದಾಡುವುದನ್ನು ಅವರು ಮಾತಿಲ್ಲದೆ ಹೇಳಿಬಿಟ್ಟಿದ್ದಾರೆ.

ಆದರೂ ಒಂದು ತಕರಾರಿದೆ. ಬಟ್ಟೆ ಒಗೆದು, ಪಾತ್ರೆ ಉಜ್ಜಿ ಬಳಲಿದ ಹುಡುಗಿಯ ದಣಿವೂ ಅಲ್ಲಲ್ಲಿ ಚೆಲುವಾಗಿಯೇ ಕಾಣುತ್ತದೆ. ಬಡತನವನ್ನು ಚೌಕಟ್ಟಿನಲ್ಲಿಟ್ಟು ನೋಡುವ ಸುಖಕ್ಕೆ ನಾವೂ ಒಳಗಾಗುತ್ತೇವಲ್ಲ ಎಂಬ ಮುಜುಗರ. ಸಿಯೆರಾ ಲಿಯೋನ್‌ನ ಅಂತರ್ಯುದ್ಧದ ಕಥೆಯಾದ ‘ಬ್ಲಡ್ ಡೈಮಂಡ್’ (2006) ಚಿತ್ರದಲ್ಲಿ ಈ ಮುಜುಗರ ಇನ್ನೂ ಹೆಚ್ಚು. ಹಸಿರು ಬೆಟ್ಟಗಳ ಸೊಗಸು ಎಷ್ಟೋ ಕಡೆ ಕೆಳಗಿನ ನೆತ್ತರನ್ನು ಮರೆಸುತ್ತದೆ. ಮಗನನ್ನು ಹುಡುಕಿ ಹೊರಟ ತಂದೆಗಿಂತ ಬಿಳಿಯ ನಾಯಕನನ್ನೇ ಕಥೆ ಹೆಚ್ಚು ಮುದ್ದಿಸುತ್ತದೆ. ಇದರಲ್ಲಿ ಛಾಯಾಗ್ರಾಹಕನಿಗಿಂತ ಚಿತ್ರಕಥೆಯ ಪಾಲೇ ದೊಡ್ಡದು ಎಂಬುದು ನಮ್ಮ ಅನಿಸಿಕೆ. ಹ್ಯಾರಿ ಪಾಟರ್ ಮಾಲೆಯ ಕೊನೆಯ ಎರಡು ಚಿತ್ರಗಳಲ್ಲಿ ಮಾತ್ರ, ಮಕ್ಕಳ ಮುಖಗಳನ್ನು ಕತ್ತಲೆಗೆ ಬಿಟ್ಟುಕೊಡುವ ಧೈರ್ಯ ಅವರಿಗಿತ್ತು.

ನಾವು ಮತ್ತೆ ಮತ್ತೆ ಮರಳುವುದು ಆ ಹುಡುಗಿಯ ಬಳಿಗೇ. ಮೋಡಗಳ ಬಣ್ಣ ಯಾವುದು ಎಂದು ಚಿತ್ರಕಾರ ಕೇಳುತ್ತಾನೆ. ಬಿಳಿ ಎನ್ನುತ್ತಾಳೆ. ಸ್ವಲ್ಪ ತಡೆದು, ಅಲ್ಲ, ಹಳದಿ, ನೀಲಿ, ಬೂದು.